ಮೂಕಿ ಚಿತ್ರಗಳಲ್ಲಿ ಪುರಾಣ ಕಥನ: ಒಂದು ಜಾನಪದೀಯ ಅವಲೋಕನ

ದಾದಾಸಾಹೇಬ್ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ' ಚಿತ್ರವು 1913ರ ಮೇ 3ರಂದು ಮುಂಬಯಿಯ ಕೊರೊನೇಷನ್ ಚಿತ್ರಮಂದಿರದಲ್ಲಿ ತೆರೆ ಕಂಡಿತು. ಭಾರತೀಯ ಕಥಾಚಿತ್ರಕ್ಕೆ ಪುರಾಣವೇ ಮೊದಲ ವಸ್ತುವಾಯಿತೆಂಬುದು ಸುವಿದಿತ. ಆದರೆ ಕೀರ್ತನೆ, ಹರಿಕಥೆ, ಹಾಡುಗಳಲ್ಲಿ ಮಾತಾಗಿಯೇ ಬದುಕಿದ್ದ ಪುರಾಣವನ್ನು ಮಾತಿಲ್ಲದ ಮಾಧ್ಯಮವು ನಿರೂಪಿಸಿದ ಬಗೆ ಯಾವುದು? ಜಾನಪದ ಅಧ್ಯಯನವು ಈ ಪ್ರಶ್ನೆಯನ್ನು ತನ್ನದೆಂದು ಭಾವಿಸಬೇಕಾಗಿದೆ.

ಏಸುಕ್ರಿಸ್ತನ ಜೀವನವನ್ನು ಕುರಿತ ವಿದೇಶಿ ಚಿತ್ರವನ್ನು ನೋಡುತ್ತಿದ್ದಾಗ ತಮ್ಮ ಮನಃಪಟಲದಲ್ಲಿ ರಾಮ, ಕೃಷ್ಣರು ಮೂಡಿದರೆಂದು ಫಾಲ್ಕೆ 1917ರಲ್ಲಿ ಬರೆದಿದ್ದಾರೆ. ಅವರ ಪ್ರೇಕ್ಷಕರ ಸ್ಥಿತಿಯೂ ಇದಕ್ಕಿಂತ ಭಿನ್ನವಾಗಿರಲಿಲ್ಲ. ಕಥೆ ಅವರಿಗೆ ಮೊದಲೇ ತಿಳಿದಿತ್ತು. ಆದ್ದರಿಂದ ಪ್ರಮುಖ ಸನ್ನಿವೇಶಗಳನ್ನು ಆಯ್ದು ತೋರಿಸಿದರೆ ಸಾಕಾಗುತ್ತಿತ್ತು. ನಡುವಿನ ಕೊಂಡಿಗಳನ್ನು ನೋಡುಗರ ಸ್ಮೃತಿಯೇ ಬೆಸೆಯುತ್ತಿತ್ತು. ಕೊಂಕಣ ಸೀಮೆಯ ಪಿಂಗುಳಿಯ ಚಿತ್ರಕಥಿ ಕಲಾವಿದರು ಒಂದೊಂದೇ ಚಿತ್ರವನ್ನು ಮುಂದಿರಿಸಿ ಕಥೆ ಹಾಡುವುದೂ, ನಮ್ಮ ತೊಗಲುಗೊಂಬೆಯವರು ಬೆಳಗಿದ ಪರದೆಯ ಮೇಲೆ ರಾಮಾಯಣ ಆಡಿಸುವುದೂ ಇದೇ ನೆಲೆಯಲ್ಲಿ. ಅಲ್ಲಿ ಕಥನಕಾರನ ಕಂಠವಿದೆ. ಮೂಕಿ ಚಿತ್ರದಲ್ಲಿ ಆ ಸ್ಥಾನವನ್ನು ದೃಶ್ಯಗಳ ನಡುವೆ ಬರುವ ಬರಹದ ಫಲಕಗಳೂ, ಅವನ್ನು ಓದಲಾರದವರಿಗಾಗಿ ಗಟ್ಟಿಯಾಗಿ ಓದಿ ಹೇಳುವವರೂ, ಪರದೆಯ ಬಳಿಯ ವಾದ್ಯಗಾರರೂ ಹಂಚಿಕೊಂಡರು.

ವೇಷದ ಕಲ್ಪನೆಯೂ ಪ್ರದರ್ಶನ ಕಲೆಗಳಿಂದಲೇ ಬಂದದ್ದು. 'ಲಂಕಾ ದಹನ'ದಲ್ಲಿ (1917) ಅಣ್ಣಾ ಸಾಳುಂಕೆ ರಾಮ, ಸೀತೆ ಎರಡೂ ಪಾತ್ರಗಳನ್ನು ನಿರ್ವಹಿಸಿದರು. ಆದರೂ ಪರದೆಯ ಮೇಲೆ ರಾಮನು ಕಾಣಿಸಿಕೊಂಡಾಗ ಪ್ರೇಕ್ಷಕರು ಪಾದರಕ್ಷೆ ಕಳಚುತ್ತಿದ್ದರೆಂದು ಹೇಳಲಾಗುತ್ತದೆ. 'ಕಾಳಿಯ ಮರ್ದನ'ವಂತೂ (1919) ಫಾಲ್ಕೆಯವರ ಪುತ್ರಿ ಮಂದಾಕಿನಿಯ ಮುಖಭಾವಗಳನ್ನು ಮೊದಲು ತೋರಿಸಿ, ಅನಂತರ ಅವಳನ್ನೇ ಬಾಲಕೃಷ್ಣನಾಗಿ ಮಾರ್ಪಡಿಸುತ್ತದೆ. ವೇಷಧಾರಿ ಯಾರೆಂದು ಬಲ್ಲ ಜನರು ಆ ವೇಷಕ್ಕೆ ಕೈಮುಗಿಯುವುದು ಬಯಲಾಟದ ರಂಗದಲ್ಲಿ ಹೊಸತಲ್ಲ. ಅರಿವು ಮತ್ತು ಭಕ್ತಿ ಅಲ್ಲಿ ಪರಸ್ಪರ ವಿರೋಧಿಗಳಲ್ಲ. ಆದುದರಿಂದ ಈ ಪ್ರೇಕ್ಷಕರನ್ನು ಯಂತ್ರದ ಮಾಯೆಗೆ ಮರುಳಾದ ಮುಗ್ಧರೆಂದು ಕರೆಯುವುದು ಸಲ್ಲದು. ಅವರು ತಮಗೆ ಪರಿಚಿತವಾದ ನೋಟದ ಶಿಸ್ತನ್ನೇ ಚಿತ್ರಮಂದಿರಕ್ಕೂ ತಂದರು.

ಫಾಲ್ಕೆಯವರ ಮೂಕಿ ಚಿತ್ರಗಳಲ್ಲಿ ಇಂದು ಲಭ್ಯವಿರುವವು ಕೆಲವೇ. ಅವುಗಳಲ್ಲಿಯೂ ಬಹುಪಾಲು ತುಣುಕುಗಳು. ಚಿತ್ರ ಪೂರ್ಣವಾಗಿ ಉಳಿದಿದ್ದರೂ ಅದರೊಡನೆ ನಡೆದ ಓದು, ವಾದನ, ಜನರ ಉದ್ಗಾರಗಳು ಸುರುಳಿಯಲ್ಲಿ ದಾಖಲಾಗಿಲ್ಲ. ಹಾಡು ನಿಂತ ಮೇಲೆ ಉಳಿದ ಚಿತ್ರಕಥಿಯ ಹಾಳೆಯಂತೆ ಅದು ಪಠ್ಯದ ಅರ್ಧಭಾಗ ಮಾತ್ರ. ಉಳಿದರ್ಧವನ್ನು ಅರಿಯಲು ಇಂದಿಗೂ ಜೀವಂತವಾಗಿರುವ ಚಿತ್ರ ಮತ್ತು ಬೊಂಬೆಯ ಕಥನ ಪರಂಪರೆಗಳೇ ಆಧಾರ. ಅವು ಕ್ಷೀಣಿಸಿದಷ್ಟೂ ಮೂಕಿ ಚಿತ್ರವು ನಮಗೆ ನಿಜವಾಗಿಯೂ ಮೂಕವಾಗುತ್ತದೆ.