ಗಂಧರ್ವನಗರ: ಕಾಲಕ್ಕೆ ಸಿಕ್ಕದ ಊರು

ಕನ್ನಡದಲ್ಲಿ 'ಗಾಳಿಗೋಪುರ' ಎಂಬ ಮಾತುಂಟು. ಬುಡವಿಲ್ಲದ ಆಸೆಯನ್ನು ಕಟ್ಟಿಕೊಂಡವನನ್ನು ಕಂಡು ಜನರು ಹಾಗೆಂದು ನಗುವರು. ಆದರೆ ನಮ್ಮ ಹಿರಿಯರು ಗಾಳಿಯಲ್ಲಿ ಕಂಡುದು ಗೋಪುರವೊಂದನ್ನೇ ಅಲ್ಲ. ಕೋಟೆ, ಬೀದಿ, ಉಪ್ಪರಿಗೆಗಳೊಡನೆ ಇಡಿಯ ಪಟ್ಟಣವನ್ನೇ ಕಂಡರು. ಅದಕ್ಕೆ ಅವರಿಟ್ಟ ಹೆಸರು ಗಂಧರ್ವನಗರ. ಅದು ಯಾವ ನಕ್ಷೆಯಲ್ಲಿಯೂ ಇಲ್ಲ. ಯಾವ ರೈಲೂ ಅಲ್ಲಿಗೆ ಹೋಗುವುದಿಲ್ಲ. ಆದರೂ ಶತಮಾನಗಳ ಕಾಲ ನಮ್ಮ ಜೋಯಿಸರೂ ದಾರ್ಶನಿಕರೂ ಅದರ ವಿಚಾರವನ್ನು ಬಿಟ್ಟವರಲ್ಲ.

ಆರನೆಯ ಶತಮಾನದ ವರಾಹಮಿಹಿರನು ತನ್ನ 'ಬೃಹತ್ಸಂಹಿತೆ'ಯಲ್ಲಿ ಗಂಧರ್ವನಗರದ ಲಕ್ಷಣಕ್ಕಾಗಿಯೇ ಒಂದು ಅಧ್ಯಾಯವನ್ನು ಮೀಸಲಿಟ್ಟು, ಅದು ಯಾವ ದಿಕ್ಕಿನಲ್ಲಿ ಕಂಡರೆ ಯಾವ ಫಲವೆಂದು ವಿವರಿಸಿದ್ದಾನೆ. ಆಕಾಶದಲ್ಲಿ ಪಟ್ಟಣ ಕಾಣುವುದು ಬರಿಯ ಕಟ್ಟುಕಥೆಯಲ್ಲ. ತಂಪಾದ ಕಡಲಿನ ಮೇಲೆ ತಣ್ಣನೆಯ ಗಾಳಿಯ ಪದರವಿದ್ದು, ಅದರ ಮೇಲೆ ಬೆಚ್ಚನೆಯ ಗಾಳಿ ಕವಿದಾಗ ಬೆಳಕಿನ ಕಿರಣಗಳು ಬಾಗುತ್ತವೆ. ಆಗ ದೂರದ ದಡವೂ ಹಡಗುಗಳೂ ಮೇಲಕ್ಕೆದ್ದು, ಉದ್ದುದ್ದವಾಗಿ ಗೋಡೆ ಗೋಪುರಗಳಂತೆ ತೋರುತ್ತವೆ. ಇಟಲಿಗೂ ಸಿಸಿಲಿಗೂ ನಡುವಣ ಮೆಸ್ಸಿನಾ ಜಲಸಂಧಿಯಲ್ಲಿ ಕಾಣುವ ಇಂಥ ನೋಟಕ್ಕೆ ಆ ಜನರು ಮಾಯಾವಿನಿಯೊಬ್ಬಳ ಹೆಸರನ್ನಿಟ್ಟು 'ಫಾತಾ ಮೊರ್ಗಾನಾ' ಎಂದು ಕರೆದರು. ನಾವು ಗಂಧರ್ವರ ಹೆಸರನ್ನಿಟ್ಟೆವು, ಅಷ್ಟೇ ಭೇದ.

ಕಣ್ಣಿನ ಈ ಭ್ರಮೆಯನ್ನು ದಾರ್ಶನಿಕರು ಜಗತ್ತಿಗೇ ಹೋಲಿಸಿದರು. ಬೌದ್ಧಾಚಾರ್ಯ ನಾಗಾರ್ಜುನನೂ, ಮಾಂಡೂಕ್ಯ ಕಾರಿಕೆಯನ್ನು ರಚಿಸಿದ ಗೌಡಪಾದರೂ ಕನಸು, ಮಾಯೆ, ಗಂಧರ್ವನಗರ ಈ ಮೂರನ್ನೂ ಒಟ್ಟಿಗೆ ಹೇಳಿದ್ದಾರೆ. ಆ ಕಾರಿಕೆಯ ಶಾಂಕರಭಾಷ್ಯದಲ್ಲಿ ಬರುವ ವರ್ಣನೆಯು ಸೊಗಸಾಗಿದೆ: ಸರಕು ಹರಡಿದ ಅಂಗಡಿಗಳು, ಮನೆಗಳು, ಮಹಡಿಗಳು, ಗಂಡಸರು ಹೆಂಗಸರ ಓಡಾಟ, ಇಷ್ಟೆಲ್ಲ ತುಂಬಿ ತುಳುಕುತ್ತಿರುವಂತೆ ಕಂಡ ಪಟ್ಟಣವು, ನೋಡುನೋಡುತ್ತಿದ್ದಂತೆಯೇ ಇಲ್ಲವಾಗುತ್ತದೆ.

ಕನಸಿನ ಪಟ್ಟಣವನ್ನು ಕನ್ನಡದ ಮಕ್ಕಳು ಪ್ರಾಥಮಿಕ ಶಾಲೆಯಲ್ಲಿಯೇ ಕಂಡಿದ್ದಾರೆ. ಮುಪ್ಪಿನ ಷಡಕ್ಷರಿಯ ತಿರುಕನು ಮುರುಕು ಧರ್ಮಶಾಲೆಯಲ್ಲಿ ಒರಗಿಕೊಂಡೇ ಅರಸನಾದನು. ಆನೆಯು ಅವನ ಕೊರಳಿಗೆ ಮಾಲೆ ಹಾಕಿತು, ಪಟ್ಟವಾಯಿತು, ಮಡದಿಯರು ಬಂದರು, ಮಕ್ಕಳಾದರು. ಶತ್ರುಗಳ ದಂಡು ಮುತ್ತಿದಂತಾದಾಗ ಹೆದರಿ ಕಣ್ಣು ತೆರೆದನು. ಒಂದು ನಿದ್ದೆಯೊಳಗೆ ಒಂದು ಜೀವಮಾನವೇ ಮುಗಿಯಿತು. ನಡುರಾತ್ರಿಯವರೆಗೆ ದುಡಿದು, ಹೋಟೆಲಿನ ಬೆಂಚುಗಳನ್ನು ಜೋಡಿಸಿ ಅವುಗಳ ಮೇಲೆಯೇ ಮೈಚಾಚುವ ಮಾಣಿಗೆ ಈ ಕಥೆಯ ಅರ್ಥವನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ.

ಆದರೆ ಕನಸಿನ ಊರು ಸುಳ್ಳೆಂದು ಎಲ್ಲ ಕಥೆಗಳೂ ಹೇಳುವುದಿಲ್ಲ. 'ಯೋಗವಾಸಿಷ್ಠ'ದಲ್ಲಿ ಲವಣನೆಂಬ ಅರಸನ ಕಥೆಯಿದೆ. ಇಂದ್ರಜಾಲದವನೊಬ್ಬನು ಸಭೆಗೆ ಬಂದು ನವಿಲುಗರಿಯನ್ನು ಬೀಸಲು, ಅರಸನು ಸಿಂಹಾಸನದಲ್ಲಿ ಕುಳಿತಲ್ಲಿಯೇ ಮೈಮರೆತನು. ಆ ಸ್ವಲ್ಪ ಹೊತ್ತಿನಲ್ಲಿಯೇ ಅವನು ಕುದುರೆಯೇರಿ ಕಾಡು ಸೇರಿದನು. ಹಸಿವು ತಾಳಲಾರದೆ ಬೇಡರ ಪಾಳಯದಂಥ ಹಳ್ಳಿಯೊಂದರ ಬಡ ಹುಡುಗಿಯನ್ನು ಮದುವೆಯಾದನು. ಮಕ್ಕಳನ್ನು ಪಡೆದು ಮುದುಕನಾದನು. ಬರಗಾಲದಲ್ಲಿ ಎಲ್ಲವನ್ನೂ ಕಳೆದುಕೊಂಡನು. ಎಚ್ಚತ್ತ ಮೇಲೆ ಅವನು ಕನಸೆಂದು ಸುಮ್ಮನಾಗಲಿಲ್ಲ. ಮರುದಿನವೇ ವಿಂಧ್ಯದ ಕಡೆಗೆ ಹೊರಟನು. ಅಲ್ಲಿ ಅದೇ ಹಳ್ಳಿಯಿತ್ತು. ಕಳೆದುಹೋದ ಮಗಳು, ಅಳಿಯ, ಮೊಮ್ಮಕ್ಕಳಿಗಾಗಿ ಅಳುತ್ತಿದ್ದ ಮುದುಕಿಯೂ ಇದ್ದಳು. ಅರಸನು ಅವಳನ್ನು ಸಂತೈಸಿ ಮರಳಿದನು.

ಇನ್ನೊಂದು ಕಥೆಯು ಭಾಗವತದ್ದು. ಕುಶಸ್ಥಲಿಯ ಅರಸ ಕಕುದ್ಮಿಯು ಮಗಳಾದ ರೇವತಿಗೆ ವರನನ್ನು ಕೇಳಲು ಬ್ರಹ್ಮಲೋಕಕ್ಕೆ ಹೋದನು. ಅಲ್ಲಿ ಗಂಧರ್ವರ ಗಾಯನ ನಡೆದಿತ್ತು; ಮುಗಿಯಲೆಂದು ಕ್ಷಣಕಾಲ ಕಾದನು. ಆಮೇಲೆ ಬ್ರಹ್ಮನು ನಕ್ಕು, ಭೂಮಿಯಲ್ಲಿ 27 ಚತುರ್ಯುಗಗಳು ಕಳೆದವೆಂದನು. ಪುರಾಣದ ಲೆಕ್ಕದಂತೆ ಚತುರ್ಯುಗವೊಂದಕ್ಕೆ 43,20,000 ವರ್ಷ. ಗುಣಿಸಿದರೆ 11,66,40,000 ವರ್ಷ! ಅರಸನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರ ಹೆಸರುಗಳನ್ನು ಬಲ್ಲವರು ಸಹ ಉಳಿದಿರಲಿಲ್ಲ. ಅವನು ಹಿಂದಿರುಗಿ, ಮಗಳನ್ನು ಬಲರಾಮನಿಗೆ ಧಾರೆಯೆರೆದು, ಬದರಿಕಾಶ್ರಮಕ್ಕೆ ನಡೆದನು.

ಪರಸ್ಥಳದಲ್ಲಿ ದುಡಿಯುವ ನಮ್ಮವರಿಗೆ ಈ ಕಥೆಯು ಬಹು ದೂರದ್ದಲ್ಲ. ಊರಿನಲ್ಲಿರುವ ಹುಡುಗನಿಗೆ ಮುಂಬಯಿಯೇ ಗಂಧರ್ವನಗರ. ಮುಂಬಯಿಗೆ ಬಂದು ಗಲ್ಲಾದ ಮುಂದೆಯೋ ಕಚೇರಿಯ ಕಡತಗಳ ಮುಂದೆಯೋ ಕುಳಿತವನಿಗೆ ತಾನು ಬಿಟ್ಟುಬಂದ ಊರೇ ಗಂಧರ್ವನಗರ. ಅವನ ನಿದ್ದೆಯಲ್ಲಿ ಆ ಊರಿಗೆ ವಯಸ್ಸಾಗುವುದಿಲ್ಲ. ಹೆಂಚಿನ ಮಾಡು ಸೋರುವುದಿಲ್ಲ, ಬಾವಿ ಬತ್ತುವುದಿಲ್ಲ, ತಾಯಿಯ ತಲೆ ನರೆಯುವುದಿಲ್ಲ. 'ಬರುವ ವರ್ಷ ಹೋದರಾಯಿತು' ಎಂಬ ಮಾತು ಹುಟ್ಟುವುದು ಇಲ್ಲಿಯೇ. ಕಾಲವು ಅಲ್ಲಿಯೂ ನಿಂತಿದೆಯೆಂಬ ನಂಬಿಕೆಯು ಅದರ ಬೇರು.

ಕನಸು ಕಾಣಬೇಡಿರೆಂದು ಹೇಳುವವನು ಮೂರ್ಖನು. ದಣಿದವನಿಗೆ ಬಾಡಿಗೆಯಿಲ್ಲದೆ ದೊರೆಯುವ ಊರು ಅದೊಂದೇ. ಆದರೆ ಲವಣರಾಜನು ಮಾಡಿದ ಕೆಲಸವನ್ನು ನಾವೂ ಮಾಡಬಹುದು: ಕಂಡ ಊರನ್ನು ಹೋಗಿ ನೋಡಬಹುದು. ಅಲ್ಲಿ ಬಾಗಿಲ ಬಳಿ ಕುಳಿತ ಮುದುಕಿಯು ನಮ್ಮ ದಾರಿಯನ್ನು ಕಾಯುತ್ತಿರುವುದು ಗಂಧರ್ವರ ಗಡಿಯಾರದಿಂದಲ್ಲ, ಗೋಡೆಯ ಪಂಚಾಂಗದಿಂದ. ಅದರ ಹಾಳೆಗಳು ಎಣಿಕೆಗೆ ಸಿಕ್ಕುವಷ್ಟೇ ಇರುತ್ತವೆ.