ಹಾಲು ರೊಟ್ಟಿಯ ಬೆಳ್ಳಿ

ದಸರಾ ರಜೆಗೆ ರಾಮಸಮುದ್ರಕ್ಕೆ ಹೋದಾಗ ಬೆಳ್ಳಿ ಅಲಮಾರಿ ಹತ್ತಲಿಲ್ಲ. ಮೊದಲಾದರೆ ನಾನು ಬ್ಯಾಗ್ ಇಳಿಸುವ ಮುಂಚೆಯೇ ಅಲಮಾರಿಯ ಮೇಲಿಂದ ಹೆಗಲಿಗೆ ಜಿಗಿಯುತ್ತಿದ್ದ ಬೆಕ್ಕು, ಮೂಲೆಯಲ್ಲಿ ಕೂತು ಉಸಿರಾಡುವುದೇ ದೊಡ್ಡ ಕೆಲಸ ಎನ್ನುವಂತೆ ಹೊಟ್ಟೆ ಏರಿಳಿಸುತ್ತಿತ್ತು. ‘ವಯಸ್ಸಾಗ್ಯದ, ಬಿಡಪಾ’ ಎಂದಳು ಅವ್ವ. ಬೆಳ್ಳಿಗಿನ್ನೂ ನಾಲ್ಕು ವರ್ಷ!

ಯಾದಗಿರಿಗೆ ಒಯ್ದು ತೋರಿಸಿದೆ. ಎದೆಗೆ ಸ್ಟೆತಸ್ಕೋಪ್ ಹಿಡಿದು ಬಹಳ ಹೊತ್ತು ಆಲಿಸಿದ ವೈದ್ಯರು, ‘ಏನ್ ತಿನ್ನಸ್ತೀರಿ?’ ಎಂದರು. ‘ಹಾಲು, ಜೋಳದ ರೊಟ್ಟಿರೀ’ ಎಂದೆ, ತುಸು ಹೆಮ್ಮೆಯಿಂದಲೇ. ನಮ್ಮದು ಮಾಂಸ ಮಾಡದ ಮನೆ. ಹೃದಯ ದುರ್ಬಲವಾಗಿರುವಂತಿದೆ, ಟಾರೀನ್ ಕೊರತೆ ಇರಬಹುದು ಎಂದರು.

ಪರೀಕ್ಷೆ ಹತ್ತಿರವಾದಾಗ ಹಾಸ್ಟೆಲ್‌ನಲ್ಲಿ ನಾವು ಕುಡಿಯುವ ಎನರ್ಜಿ ಡ್ರಿಂಕ್ ಡಬ್ಬಿಗಳ ಮೇಲೆ ಆ ಹೆಸರಿರುತ್ತದೆ. ಅದೇನೆಂದು ಓದಿದ್ದು ಈಗ. ಟಾರೀನ್ ಒಂದು ಅಮೈನೋ ಆಮ್ಲ. 1827ರಲ್ಲಿ ಎತ್ತಿನ ಪಿತ್ತರಸದಲ್ಲಿ ಮೊದಲು ಸಿಕ್ಕಿತು. ಮನುಷ್ಯರ ದೇಹ ಅದನ್ನು ತಾನೇ ತಯಾರಿಸಿಕೊಳ್ಳುತ್ತದೆ. ಬೆಕ್ಕಿನ ದೇಹ ತಯಾರಿಸುವುದು ತೀರಾ ಕಡಿಮೆ, ಪಿತ್ತರಸದ ಮೂಲಕ ಕಳೆದುಕೊಳ್ಳುವುದು ದಿನವೂ. ಅದು ಸಿಗುವುದು ಮಾಂಸ, ಮೀನಿನಲ್ಲಿ. ಜೋಳದಲ್ಲಿ ಇಲ್ಲವೇ ಇಲ್ಲ, ಹಾಲಿನಲ್ಲಿರುವುದು ಸಾಲದು. ಮಾಂಸ ಬೇಯಿಸಿದ ನೀರು ಚೆಲ್ಲಿದರೂ ಟಾರೀನ್ ಹೋಗುತ್ತದೆ. ಕೊರತೆ ಬಹಳ ದಿನ ಮುಂದುವರಿದರೆ ಹೃದಯದ ಸ್ನಾಯು ಸಡಿಲಗೊಂಡು, ಹೃದಯ ಹಿಗ್ಗಿ, ರಕ್ತ ದೂಡುವ ಶಕ್ತಿ ಕುಗ್ಗುತ್ತದೆ. ಕಣ್ಣೂ ಹೋಗಬಹುದು.

ಇದನ್ನು ಜಗತ್ತಿಗೆ ತಿಳಿಸಿದ್ದು ಅಮೆರಿಕದ ಡೇವಿಸ್‌ನ ಪಶುವೈದ್ಯ ಪಾಲ್ ಪಿಯಾನ್ ಮತ್ತು ಸಂಗಡಿಗರು, 1987ರಲ್ಲಿ, ‘ಸೈನ್ಸ್’ ಪತ್ರಿಕೆಯಲ್ಲಿ. ಹೃದಯ ಹಿಗ್ಗಿದ ಬೆಕ್ಕುಗಳ ರಕ್ತದಲ್ಲಿ ಟಾರೀನ್ ಕಡಿಮೆಯಿತ್ತು. ಕೊಟ್ಟಾಗ ಹೃದಯ ಚೇತರಿಸಿಕೊಂಡಿತು. ಸೋಜಿಗವೆಂದರೆ ಅವು ತಿನ್ನುತ್ತಿದ್ದದ್ದು ಕಂಪನಿಗಳ ಸಿದ್ಧ ಆಹಾರ! ಆಮೇಲೆಯೇ ಕಂಪನಿಗಳು ಟಾರೀನ್ ಪ್ರಮಾಣ ಹೆಚ್ಚಿಸಿದ್ದು. ನಾನು ಮೆಕ್ಯಾನಿಕಲ್ ವಿದ್ಯಾರ್ಥಿ, ಪಂಪ್ ಕೆಟ್ಟರೆ ಪಂಪನ್ನೇ ಬಿಚ್ಚುವುದು ನಮ್ಮ ಚಾಳಿ. ಇಲ್ಲಿ ತಪ್ಪಿದ್ದು ತಟ್ಟೆಯಲ್ಲಿ.

ಅವ್ವ ಒಪ್ಪಲಿಲ್ಲ. ‘ನಿಮ್ಮ ಅಜ್ಜಿ ಸಾಕಿದ ಬೆಕ್ಕೂ ಹಾಲು ರೊಟ್ಟೀನೇ ತಿಂದಾವ, ಅವಕ್ಕೇನಾಗಿತ್ತು?’ ಈ ಪ್ರಶ್ನೆಗೆ ಉತ್ತರ ಹೊಳೆಯಲು ಎರಡು ದಿನ ಬೇಕಾಯಿತು. ಹಳೇ ಮನೆಯ ತುಂಬ ತೊಗರಿ ಚೀಲ, ಚೀಲದ ಸಂದಿಯಲ್ಲಿ ಇಲಿ. ನಾವು ಹಾಕಿದ್ದು ಹಾಲು ರೊಟ್ಟಿ, ಅವು ಬದುಕಿದ್ದು ಇಲಿಯ ಮೇಲೆ. ಈಗ ತೊಗರಿ ಹೊಲದಿಂದ ನೇರ ಮಾರುಕಟ್ಟೆಗೆ ಹೋಗುತ್ತದೆ. ಹೊಸ ಮನೆಯ ಕಿಟಕಿಗಳಿಗೆಲ್ಲ ಜಾಲರಿ. ಬೀದಿನಾಯಿ ಭಯಕ್ಕೆ ಬೆಳ್ಳಿಯನ್ನು ಹೊರಗೆ ಬಿಡುವುದೇ ಇಲ್ಲ. ಹಾಗಾಗಿ ನಮ್ಮ ಮನೆಯಲ್ಲಿ ನಿಜವಾಗಿ ಸಸ್ಯಾಹಾರಿಯಾದ ಮೊದಲ ಬೆಕ್ಕು ಇದೇ.

ಅವ್ವ ಸುಮ್ಮನಾದಳು. ರಾತ್ರಿ, ‘ಅಡುಗೆಮನ್ಯಾಗ ಬ್ಯಾಡ. ಪಡಸಾಲ್ಯಾಗ ಬ್ಯಾರೆ ಬಟ್ಟಲದಾಗ ಹಾಕು’ ಎಂದಳು.

ವೈದ್ಯರು ಕೊಟ್ಟ ಔಷಧಿಯ ಜತೆಗೆ ಟಾರೀನ್ ಇರುವ ಬೆಕ್ಕಿನ ಆಹಾರ ಶುರುವಾಯಿತು. ಚೇತರಿಸಲು ವಾರಗಳಲ್ಲ, ತಿಂಗಳುಗಳೇ ಬೇಕಾಗಬಹುದು, ಎಲ್ಲ ಹೃದಯವೂ ಮರಳುವುದಿಲ್ಲ ಎಂದು ಅವರು ಮೊದಲೇ ಹೇಳಿದ್ದರು. ನಾನು ಕಲಬುರಗಿಗೆ ಮರಳಿದೆ. ಮೊನ್ನೆ ಅವ್ವನ ಫೋನ್: ‘ಅಲಮಾರಿ ಹತ್ಯದ. ಆ ಪಾಕೀಟು ಮುಗೀಲಾಕ ಬಂದದ, ಬರೋವಾಗ ಎರಡು ತಗೊಂಡು ಬಾ.’