ಗೈರಾದರೆ ಮೇಲ್ಮನವಿ ವಜಾ: ಅಲ್ಲಿಗೇ ಮುಗೀತಾ?

ಕುಟುಂಬ ನ್ಯಾಯಾಲಯ ಕೊಟ್ಟ ವಿಚ್ಛೇದನವನ್ನು ಒಪ್ಪದಿದ್ದರೆ, ಶ್ರೀರಂಗಪಟ್ಟಣವಿರಲಿ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲವಿರಲಿ, ಹೆಣ್ಣುಮಗಳು ಮೇಲ್ಮನವಿಗೆ ಬೆಂಗಳೂರಿನ ಹೈಕೋರ್ಟ್‌ಗೇ ಹೋಗಬೇಕು. ಕೇಸ್ ಕರೆದಾಗ ಅವಳ ಪರ ಯಾರೂ ಇಲ್ಲದಿದ್ದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 17ರಡಿ ಮೇಲ್ಮನವಿ ವಜಾ ಆಗಬಹುದು.

ಅಂದ್ರೆ ಅವಳ ವಾದ ಬಿದ್ದುಹೋಯ್ತು ಅಂತಲ್ಲ. ಅವಳ ಗೈರುಹಾಜರಿಯಲ್ಲಿ ಸರಿ-ತಪ್ಪು ತೀರ್ಮಾನಿಸಲು ಆ ನಿಯಮ ಅವಕಾಶವನ್ನೇ ಕೊಡಲ್ಲ. ಆದರೆ ವಿಚ್ಛೇದನ ಉಳಿಯುತ್ತೆ. ಹಿಂದೂ ವಿವಾಹ ಕಾಯ್ದೆಯ ಸೆಕ್ಷನ್ 15ರ ಪ್ರಕಾರ ಗಂಡನ ಮರುಮದುವೆಗೆ ದಾರಿಯೂ ತೆರೆಯುತ್ತೆ.

ಹಾಗಾಗಿ ವಜಾ ಆದ 30 ದಿನದೊಳಗೆ, ಬರಲಾಗದ ಕಾರಣ ತೋರಿಸಿ ನಿಯಮ 19ರಡಿ ಮೇಲ್ಮನವಿ ಮತ್ತೆ ತೆಗೆದುಕೊಳ್ಳಿ ಅಂತ ಅರ್ಜಿ ಹಾಕಬೇಕು. ತಡವಾದರೆ ಅದಕ್ಕೂ ಕಾರಣ ಕೊಡಬೇಕು.

ವಕೀಲರ ಫೀಸು ಕಟ್ಟಲಾಗದೆ ಸುಮ್ಮನಾಗಬೇಡಿ. ಆದಾಯ ಎಷ್ಟೇ ಇರಲಿ, 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ ಮಹಿಳೆಯರಿಗೆ ಉಚಿತ ಕಾನೂನು ನೆರವಿನ ಹಕ್ಕಿದೆ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಇವತ್ತೇ ವಿಚಾರಿಸಿ.